ಎಡಗೈ ಬೆನ್ನ ಹಿಂದೆ: ಕ್ಲಾಸಿನವರು ಸೇರಿ ಬ್ಯಾಂಡ್ ಮಾಡಿದ ಕತೆ

ಗ್ರೇಡ್ ಪರೀಕ್ಷೆಗೆಂದು ಸಂಗೀತ ಕಲಿತವರು ಸೇರಿ ಬ್ಯಾಂಡ್ ಕಟ್ಟಿದರೆ ಎಲ್ಲರೂ ಜಾಸ್ತಿ ನುಡಿಸುತ್ತಾರೆ. ಹಾಡು ಶುರುವಾದಲ್ಲಿಂದ ಮುಗಿಯುವವರೆಗೆ ಒಬ್ಬರ ಕೈಯೂ ನಿಲ್ಲುವುದಿಲ್ಲ. ನಮ್ಮದೂ ಹಾಗೇ ಇತ್ತು. ಮೊದಲ ಕೆಲವು ವಾರಗಳ ರೆಕಾರ್ಡಿಂಗ್‌ಗಳು ಇನ್ನೂ ಫೋನಿನಲ್ಲಿವೆ. ಐದು ಜನ ಐದು ಪರೀಕ್ಷೆಯನ್ನು ಒಂದೇ ರೂಮಿನಲ್ಲಿ ಕೊಟ್ಟ ಹಾಗೆ ಕೇಳುತ್ತದೆ.

ನಾವು ಮಂಗಳೂರಿನ ಒಂದು ಸಣ್ಣ ಮ್ಯೂಸಿಕ್ ಸ್ಕೂಲಿನವರು. ಬಿಜೈ ಕಡೆ, ಎರಡನೇ ಮಾಳಿಗೆ, ಕೆಳಗೆ ಮೆಡಿಕಲ್ ಶಾಪ್. ನಾನು ಕೀಬೋರ್ಡ್. ಗಿಟಾರಿನವನ ಮನೆಯಲ್ಲಿ ಬ್ಯಾರಿ ಮಾತಾಡುತ್ತಾರೆ, ಡ್ರಮ್ಮರ್‌ನ ಮನೆಯಲ್ಲಿ ಕೊಂಕಣಿ, ನನ್ನ ಮತ್ತು ಬಾಸ್ ನುಡಿಸುವವನ ಮನೆಯಲ್ಲಿ ತುಳು. ಹಾಡುವವಳು ಉಡುಪಿ ಕಡೆಯವಳು, ಶಿವಳ್ಳಿ ತುಳು. ಅವಳು ಚಿಕ್ಕಂದಿನಿಂದ ಕರ್ನಾಟಕ ಸಂಗೀತ ಕಲಿತವಳು. ಕೆಲಸಕ್ಕೆ ಮಂಗಳೂರಿಗೆ ಬಂದಮೇಲೆ ಸುಮ್ನೆ ಪಾಶ್ಚಾತ್ಯ ಸ್ವರಲಿಪಿ ಓದಲು ಕಲಿಯೋಣ ಅಂತ ನಮ್ಮ ಸ್ಕೂಲಿಗೆ ಸೇರಿದ್ದಳು. ಶನಿವಾರ ಸಂಜೆಯ ಥಿಯರಿ ಕ್ಲಾಸಿನಲ್ಲಿ ಐವರೂ ಒಂದೇ ಬೆಂಚಿನ ಸಾಲು. ಕ್ಲಾಸ್ ಮುಗಿದ ಮೇಲೆ ಗೋಳಿಬಜೆ, ಚಾ. ಬ್ಯಾಂಡಿನ ಮಾತು ಶುರುವಾದದ್ದು ಅಲ್ಲೇ.

ನಾವು ಕಟ್ಟಿದ್ದು ಟ್ರಿನಿಟಿ ಕಾಲೇಜ್ ಲಂಡನ್‌ನ ಪರೀಕ್ಷೆಗಳು. ಇನಿಶಿಯಲ್‌ನಿಂದ ಶುರುವಾಗಿ 8ನೇ ಗ್ರೇಡಿನ ತನಕ ಹೋಗುತ್ತದೆ. ಒಟ್ಟು 100 ಅಂಕ. 60 ಬಂದರೆ ಪಾಸು, 75ಕ್ಕೆ ಮೆರಿಟ್, 87ಕ್ಕೆ ಡಿಸ್ಟಿಂಕ್ಷನ್. ಒಂದು ರೂಮಿನಲ್ಲಿ ಪರೀಕ್ಷಕರು ಒಬ್ಬರು, ನೀವು ಒಬ್ಬರು. ಪುಸ್ತಕದಲ್ಲಿ ಇದ್ದ ಪ್ರತಿ ಸ್ವರಕ್ಕೂ ಲೆಕ್ಕ ಉಂಟು. ಒಂದು ಬಿಟ್ಟರೆ ಕಡಿಮೆ ನುಡಿಸಿದ ಹಾಗೆ. ಗಿಟಾರ್, ಬಾಸ್, ಡ್ರಮ್ಸ್ ಮೂವರೂ ರಾಕ್ ಅಂಡ್ ಪಾಪ್ ಪರೀಕ್ಷೆಯವರು. ಅದರಲ್ಲಿ ಮೂರು ಹಾಡು ನುಡಿಸಬೇಕು, ಜೊತೆಗೆ ಸೆಷನ್ ಸ್ಕಿಲ್ಸ್ ಅಂತ ಒಂದು ಭಾಗ. ಬ್ಯಾಕಿಂಗ್ ಟ್ರ್ಯಾಕ್, ಅಂದರೆ ಉಳಿದ ವಾದ್ಯಗಳನ್ನು ಮೊದಲೇ ರೆಕಾರ್ಡ್ ಮಾಡಿಟ್ಟದ್ದು, ಹಾಕಿಕೊಂಡು ಅದರ ಮೇಲೆ ನುಡಿಸಿದರಾಯಿತು. ಟ್ರ್ಯಾಕ್ ಒಳ್ಳೆಯ ಜೊತೆಗಾರ. ನೀವು ಓಡಿದರೂ ಅದು ಓಡುವುದಿಲ್ಲ, ನಿಮ್ಮ ಮೇಲೆ ಸಿಟ್ಟೂ ಮಾಡುವುದಿಲ್ಲ. ಮನುಷ್ಯರು ಎರಡನ್ನೂ ಮಾಡುತ್ತಾರೆ.

ಮೊದಲ ಪ್ರಾಕ್ಟೀಸಿನಲ್ಲಿ ಬಾಸ್ ಕೇಳಲೇ ಇಲ್ಲ. ಬಾಸ್‌ನವನು ವಾಲ್ಯೂಮ್ ಏರಿಸಿದ. ಅದಕ್ಕೆ ಗಿಟಾರ್ ಏರಿತು. ಅದಕ್ಕೆ ಡ್ರಮ್ಮರ್ ಗಟ್ಟಿ ಹೊಡೆದ. ಹಾಡುವವಳು ಮೈಕ್ ಕೆಳಗಿಟ್ಟು ಕುರ್ಚಿಯಲ್ಲಿ ಕೂತಳು. ನಮ್ಮ ಸರ್ ಬಾಗಿಲಲ್ಲಿ ನಿಂತು ಸ್ವಲ್ಪ ಹೊತ್ತು ಕೇಳಿದರು. ಒಳಗೆ ಬಂದು ನನ್ನ ಹತ್ತಿರ, "ನಿನ್ನ ಎಡಗೈ ಬೆನ್ನ ಹಿಂದೆ ಇಟ್ಟುಕೊ. ಈಗ ಪುನಃ ನುಡಿಸಿ" ಅಂದರು. ನುಡಿಸಿದೆವು. ಬಾಸ್ ಕೇಳಿಸಿತು.

ಕಾರಣ ತುಂಬಾ ಸರಳ. ಬಾಸ್ ಗಿಟಾರಿನ ತೀರ ಕೆಳಗಿನ ತಂತಿ ಸುಮಾರು 41 ಹರ್ಟ್ಸ್, ಅಂದರೆ ಸೆಕೆಂಡಿಗೆ 41 ಕಂಪನ. ಮಾಮೂಲಿ ಗಿಟಾರಿನ ಕೆಳಗಿನ ತಂತಿ ಅದರ ಎರಡರಷ್ಟು, 82. ಪಿಯಾನೊ ಕಲಿತವರ ಎಡಗೈ ಹೋಗಿ ಕೂರುವುದೂ ಸರಿಯಾಗಿ ಅದೇ ಜಾಗದಲ್ಲಿ. ಒಬ್ಬರೇ ನುಡಿಸುವಾಗ ಆ ಕೆಳಸ್ವರ ಬೇಕೇ ಬೇಕು, ಇಲ್ಲದಿದ್ದರೆ ಹಾಡು ಬೋಳು. ಆದರೆ ಬಾಸ್‌ನವನು ಪಕ್ಕದಲ್ಲೇ ನಿಂತಿರುವಾಗ ಅದು ಅವನ ಜಾಗ. ಮೂರು ವಾದ್ಯ ಅಲ್ಲಿ ಸೇರಿದರೆ ಯಾವ ಸ್ವರವೂ ಬಿಡಿಸಿ ಕೇಳುವುದಿಲ್ಲ, ಬರೀ ಗುಂಯ್ ಅನ್ನುವ ಶಬ್ದ. ಎಷ್ಟೋ ವರ್ಷ ಸ್ಕೇಲ್ಸ್ ತಿಕ್ಕಿ ತಿಕ್ಕಿ ಬೆಳೆಸಿದ ಎಡಗೈಯನ್ನು ಸುಮ್ಮನೆ ಕೂರಿಸುವುದು ನನಗೆ ನಿಜವಾಗಿ ಬೇಜಾರಿನ ಕೆಲಸ. ಈಗಲೂ ಆ ಕೈ ತಾನಾಗಿಯೇ ಇಳಿಯುತ್ತದೆ. ಬಾಸ್‌ನವನು ಕಣ್ಣು ಬಿಡುತ್ತಾನೆ.

ಆಮೇಲೆ ಶ್ರುತಿಯ ಗಲಾಟೆ. ಹಾಡುವವಳನ್ನು ಯಾವ ಸ್ಕೇಲಿನಲ್ಲಿ ಹಾಡುತ್ತಿ ಅಂತ ಕೇಳಿದರೆ "ಐದೂವರೆ" ಅಂದಳು. ಗಿಟಾರಿನವನಿಗೆ ಏನೂ ಅರ್ಥ ಆಗಲಿಲ್ಲ. ನಾನು ಮನೆಗೆ ಹೋಗಿ ಮಾವನನ್ನು ಕೇಳಿದೆ. ಅವರು ಭಜನೆಗೆ ಹಾರ್ಮೋನಿಯಂ ನುಡಿಸುವವರು. "ಐದೂವರೆ ಅಂದ್ರೆ ಕಪ್ಪು ನಾಲ್ಕು" ಅಂದರು. ಯಕ್ಷಗಾನದ ಭಾಗವತರೂ ಹಾರ್ಮೋನಿಯಂ ಮನೆಗಳನ್ನು ಹೀಗೆ ಬಿಳಿ, ಕಪ್ಪು ಅಂತಲೇ ಲೆಕ್ಕ ಹೇಳುತ್ತಾರೆ. ನಮ್ಮ ಪುಸ್ತಕದ ಪ್ರಕಾರ ಕಪ್ಪು ನಾಲ್ಕು ಅಂದರೆ ಜಿ ಶಾರ್ಪ್. ಕರ್ನಾಟಕ ಸಂಗೀತದಲ್ಲಿ ಹೆಣ್ಣುಮಕ್ಕಳಿಗೆ ಐದು, ಐದೂವರೆ ಮಾಮೂಲು. ಗಿಟಾರಿನವನಿಗೆ ಮಾತ್ರ ಮುಖ ಬಾಡಿತು. ಆ ಸ್ಕೇಲಿನಲ್ಲಿ ತೆರೆದ ತಂತಿಯ ಕಾರ್ಡ್‌ಗಳು (ಒಟ್ಟಿಗೆ ನುಡಿಸುವ ಸ್ವರಗಳ ಗುಂಪು) ಸಿಗುವುದಿಲ್ಲ, ಇಡೀ ಹಾಡು ಒಂದೇ ಬೆರಳನ್ನು ಎಲ್ಲ ತಂತಿಗೆ ಅಡ್ಡ ಇಟ್ಟು ಬಾರ್ ಕಾರ್ಡ್ ಒತ್ತಿ ಕೈ ಸೋಲುತ್ತದೆ. ಉಪಾಯ ಅವನೇ ಹುಡುಕಿದ. ಮೊದಲ ಫ್ರೆಟ್ಟಿಗೆ ಕಾಪೊ (ಎಲ್ಲ ತಂತಿಗಳನ್ನು ಒಟ್ಟಿಗೆ ಒತ್ತಿಹಿಡಿಯುವ ಕ್ಲಿಪ್) ಹಾಕಿ ಜಿ ಶೇಪ್‌ನಲ್ಲಿ ನುಡಿಸುವುದು. ಕಾಪೊಗೆ ಖರ್ಚು ಸ್ವಲ್ಪವೇ. ಜಗಳ ಅಲ್ಲಿಗೆ ಮುಗಿಯಿತು.

ಮುಗಿಯದ ಜಗಳ ಗಮಕದ್ದು. ಅವಳ ಗಾಂಧಾರ ಒಂದು ಕಡೆ ನಿಲ್ಲುವುದಿಲ್ಲ. ಸ್ವಲ್ಪ ತೂಗುತ್ತದೆ, ಕೆಳಗಿಂದ ಎದ್ದು ಬರುತ್ತದೆ, ಅದೇ ಅವಳ ಚಂದ. ಆದರೆ ಗಿಟಾರ್ ಮತ್ತು ಕೀಬೋರ್ಡ್‌ನ ಮೇಜರ್ ಕಾರ್ಡಿನಲ್ಲೂ ಅದೇ ಗಾಂಧಾರ ಇದೆ, ಅದು ಅಲ್ಲಾಡದೆ ನಿಂತಿರುತ್ತದೆ. ಎರಡೂ ಒಟ್ಟಿಗೆ ಬಂದಾಗ ಅವಳು ಬೇಸುರು ಹಾಡಿದ ಹಾಗೆ ಕೇಳಿಸುತ್ತದೆ. ಬೇಸುರು ಅವಳದ್ದಲ್ಲ! ಕೊನೆಗೆ ಕಾರ್ಡಿನಿಂದ ಆ ನಡುವಿನ ಸ್ವರವನ್ನೇ ತೆಗೆದೆವು. ಷಡ್ಜ, ಪಂಚಮ, ಬೇಕಾದರೆ ಒಂದು ರಿಷಭ. ಅಷ್ಟೇ. ಕಾರ್ಡು ಮೇಜರಾ ಮೈನರಾ ಅಂತ ವಾದ್ಯಗಳು ಹೇಳುವುದಿಲ್ಲ, ಅವಳ ಗಂಟಲು ಹೇಳುತ್ತದೆ. ನಮ್ಮ ಹಾಡಿಗೆ ಸ್ವಂತದ್ದು ಅಂತ ಒಂದು ಧ್ವನಿ ಇದ್ದರೆ ಅದು ಈ ಒಂದು ತೀರ್ಮಾನದಿಂದ ಬಂದದ್ದು. ಇದನ್ನು ಯಾರೂ ಗಮನಿಸುವುದಿಲ್ಲ. ಎಲ್ಲರೂ ಹೊಗಳುವುದು ಡ್ರಮ್ಸನ್ನು.

ಪ್ರಾಕ್ಟೀಸಿಗೆ ಜಾಗದ ಕತೆ ಬೇರೆ. ಗಿಟಾರ್, ಕೀಬೋರ್ಡ್ ಹೆಡ್‌ಫೋನ್ ಹಾಕಿ ನುಡಿಸಬಹುದು. ಡ್ರಮ್ಸ್‌ಗೆ ಎಲ್ಲಿ ಹೋಗುವುದು? ಸ್ಕೂಲಿನ ಕ್ಲಾಸುಗಳು ಎಂಟಕ್ಕೆ ಮುಗಿಯುತ್ತಿದ್ದವು. ಆಮೇಲೆ ಒಂದೂವರೆ ಗಂಟೆ ಸರ್ ನಮಗೆ ಬಿಟ್ಟುಕೊಟ್ಟರು. ಸ್ನೇರ್ ಮೇಲೆ ಹಳೆ ಟವಲ್, ಕಿಕ್ ಡ್ರಮ್ಮಿನ ಹೊಟ್ಟೆಯೊಳಗೆ ತಲೆದಿಂಬು. ಆದರೂ ಪಕ್ಕದ ಫ್ಲ್ಯಾಟಿನ ಆಂಟಿ ಒಂದು ದಿನ ಬಂದರು. ಬೈಯಲು ಬಂದದ್ದು ಅಂತ ನಾವು ಎದ್ದು ನಿಂತೆವು. "ಎಂತ ಮಕ್ಕಳೇ, ದಿನಾ ಅದೇ ಹಾಡು? ಬೇರೆ ಬರುವುದಿಲ್ಲವಾ?" ಅಂತ ಕೇಳಿದರು. ನಮಗೆ ಸಿಕ್ಕಿದ ಮೊದಲ ವಿಮರ್ಶೆ ಅದು, ಮತ್ತು ಸರಿಯಾಗಿಯೇ ಇತ್ತು.

ಮಳೆಗಾಲದಲ್ಲಿ ಕರಾವಳಿಯಲ್ಲಿ ವಾದ್ಯ ಇಟ್ಟುಕೊಳ್ಳುವುದು ಒಂದು ದೊಡ್ಡ ಚಾಕರಿ. ಜೂನ್ ಬಂತೆಂದರೆ ಅಕೌಸ್ಟಿಕ್ ಗಿಟಾರಿನ ಮರ ತೇವ ಕುಡಿದು ಉಬ್ಬುತ್ತದೆ. ಮೇಲಿನ ಹಲಗೆ ಎದ್ದರೆ ತಂತಿಗಳೂ ಫ್ರೆಟ್‌ಬೋರ್ಡಿನಿಂದ ಮೇಲೇಳುತ್ತವೆ, ಒತ್ತಲು ಬೆರಳು ನೋಯುತ್ತದೆ. ಸ್ಟೀಲ್ ತಂತಿಗೆ ತುಕ್ಕು. ಗಿಟಾರಿನವನು ಚಪ್ಪಲಿ ಅಂಗಡಿಯಿಂದ ಸಿಲಿಕಾ ಜೆಲ್‌ನ ಪುಟ್ಟ ಚೀಲಗಳನ್ನು ಕೇಳಿ ತಂದು ಕೇಸಿನಲ್ಲಿ ಇಡುತ್ತಾನೆ. ನನ್ನ ಕೀಬೋರ್ಡಿನೊಳಗೆ ಇರುವೆ ಸೇರಿದ್ದುಂಟು. ಇನ್ನು ಸ್ಕೂಲಿನ ಮೇಲೆ ಇರುವುದು ತಗಡಿನ ಮಾಡು. ಜೋರು ಮಳೆ ಬಂದರೆ ಒಳಗೆ ಯಾರು ಹಾಡಿದರೂ ಮೈಕಿಗೆ ಸಿಗುವುದು ಮಳೆಯೇ. ಹಾಗಾಗಿ ಜೂನ್‌ನಿಂದ ಆಗಸ್ಟ್ ತನಕ ನಾವು ಏನನ್ನೂ ರೆಕಾರ್ಡ್ ಮಾಡುವ ಯೋಚನೆ ಮಾಡಲಿಲ್ಲ. ಬರೆಯುವುದು, ಅಳಿಸುವುದು, ಇಷ್ಟೇ.

ಬರೆಯುವಾಗ ಮೊದಲು ಬಂದ ಪ್ರಶ್ನೆ ಯಾವ ಭಾಷೆಯಲ್ಲಿ ಅಂತ. ಶುರುವಿಗೆ ಎಲ್ಲರೂ ತಂದದ್ದು ಇಂಗ್ಲಿಷ್ ಸಾಲುಗಳು. ಅದು ಸಹಜ, ಕ್ಲಾಸಿನಲ್ಲಿ ಕಲಿತದ್ದೇ ಇಂಗ್ಲಿಷ್ ಹಾಡುಗಳು. ಆದರೆ ಪ್ರಾಕ್ಟೀಸಿನ ನಡುವೆ ನಾವು ಜಗಳ ಆಡುತ್ತಿದ್ದದ್ದು, ನಗುತ್ತಿದ್ದದ್ದು, ಚಾ ಹೇಳುತ್ತಿದ್ದದ್ದು ಎಲ್ಲ ಕನ್ನಡದಲ್ಲಿ. ಐವರ ಮನೆಮಾತಿಗೂ ನಡುವೆ ಇದ್ದದ್ದು ಅದೊಂದೇ. ಡ್ರಮ್ಮರ್‌ಗೆ ಮಾತ್ರ ಕೊಂಕಣಿ ಹಾಡು ಬೇಕಿತ್ತು. ಅವನ ಕಡೆಯವರೆಲ್ಲ ಹಾಡಿನವರು. 2008ರಲ್ಲಿ ಶಕ್ತಿನಗರದ ಕಲಾಂಗಣದಲ್ಲಿ ಕೊಂಕಣಿ ಸಾಂಸ್ಕೃತಿಕ ಸಂಸ್ಥೆ ಮಾಂಡ್ ಸೊಭಾಣ್‌ನವರು 40 ಗಂಟೆ ನಿಲ್ಲಿಸದೆ ಕೊಂಕಣಿ ಹಾಡಿಸಿ ಗಿನ್ನೆಸ್ ದಾಖಲೆ ಮಾಡಿದರಲ್ಲ, ಅದರಲ್ಲಿ ಅವನ ಚಿಕ್ಕಮ್ಮ ಹಾಡಿದ್ದಾರೆ. ಕೊಂಕಣಿಗೆ ಹಾಡುಗಾರರೂ ಇದ್ದಾರೆ, ಕೇಳುವವರೂ ಇದ್ದಾರೆ, ಅವನು ಹೇಳಿದ್ದರಲ್ಲಿ ಸುಳ್ಳೇನೂ ಇರಲಿಲ್ಲ. ಆದರೆ ಹಾಡುವವಳಿಗೆ ಆ ಭಾಷೆ ಬಾರದು. ಬಾರದ ಭಾಷೆಯಲ್ಲಿ ಪ್ರೀತಿ ಮಾಡಿದ ಹಾಗೆ ಹಾಡಲು ನನ್ನಿಂದಾಗದು ಅಂದಳು. ಕನ್ನಡ ಅಂತ ಆಯಿತು.

ಕನ್ನಡದಲ್ಲಿ ಪಾಪ್ ಹಾಡು ಬರೆಯುವುದು ಹೇಳಿದಷ್ಟು ಸುಲಭ ಅಲ್ಲ. ನಾವು ಕೇಳಿ ಬೆಳೆದ ಇಂಗ್ಲಿಷ್ ಪಾಪ್‌ನಲ್ಲಿ ಒಂದು ಸ್ವರಕ್ಕೆ ಒಂದು ಪದ ಕೂರುತ್ತದೆ. ಪದಗಳೇ ಅಷ್ಟು ಚಿಕ್ಕವು. ನಮ್ಮಲ್ಲಿ 'ನೆನಪಾಗುತ್ತಿದೆ' ಅನ್ನಲು ಆರು ಅಕ್ಷರ ಬೇಕು. ನಾನು ಮಾಡಿದ ಕೋರಸ್ಸಿನ ಧಾಟಿಯಲ್ಲಿ ನಾಲ್ಕೇ ಸ್ವರ. ಒತ್ತಿ ತುಂಬಿಸಿದರೆ ಸುದ್ದಿ ಓದಿದ ಹಾಗಾಗುತ್ತದೆ. ಇನ್ನೊಂದು ಕಷ್ಟ ಹ್ರಸ್ವ ದೀರ್ಘದ್ದು. ಹ್ರಸ್ವ ಅಕ್ಷರದ ಮೇಲೆ ಉದ್ದದ ಸ್ವರ ಬಂದರೆ ಮರ ಮಾರ ಆಗುತ್ತದೆ, ಕಡು ಕಾಡು ಆಗುತ್ತದೆ. ಸಿನಿಮಾ ಹಾಡಿನವರು ಇದನ್ನೆಲ್ಲ ಎಷ್ಟು ಸಲೀಸಾಗಿ ದಾಟುತ್ತಾರೆ ಅಂತ ನಮಗೆ ಆಗಲೇ ಗೊತ್ತಾದದ್ದು. ಲಾಭವೂ ಒಂದು ಉಂಟು. ನಮ್ಮ ಮಾತು ಹೆಚ್ಚಾಗಿ ಅ, ಇ, ಉ, ಎ ಅಂಥ ಸ್ವರಾಕ್ಷರದಲ್ಲೇ ಮುಗಿಯುತ್ತದೆ, ಹಾಗಾಗಿ ಸಾಲಿನ ಕೊನೆಯನ್ನು ಎಷ್ಟು ಬೇಕಾದರೂ ಎಳೆಯಬಹುದು. ಹಾಡುವವಳು ಅದನ್ನು ಚೆನ್ನಾಗಿ ಬಳಸಿಕೊಂಡಳು. ಸಾಲಿನ ಮೊದಲರ್ಧ ಮಾತಿನ ಹಾಗೆ ಬೇಗ ಹೇಳಿ ಮುಗಿಸಿ, ಕೊನೆಯ ಅಕ್ಷರದಲ್ಲಿ ನಿಂತುಬಿಡುತ್ತಾಳೆ. ಅವಳು ಹಾಗೆ ಹಾಡಿದ ಮೇಲೆ ನನ್ನ ನಾಲ್ಕು ಸ್ವರದ ಧಾಟಿ ಕಸದ ಬುಟ್ಟಿಗೆ ಹೋಯಿತು.

ಹಾಡು ಬಸ್ಸಿನದ್ದು. ರಾತ್ರಿ ಜ್ಯೋತಿ ಬಸ್‌ಸ್ಟಾಪಿನಲ್ಲಿ ನಿಂತು ಸಿಟಿ ಬಸ್ಸಿಗೆ ಕಾಯುವ ಹುಡುಗಿ, ಬಾಗಿಲಿಗೆ ಜೋತುಬಿದ್ದು "ಸ್ಟೇಟ್‌ಬ್ಯಾಂಕ್ ಸ್ಟೇಟ್‌ಬ್ಯಾಂಕ್" ಅಂತ ಸಿಟಿ ಬಸ್‌ನಿಲ್ದಾಣದ ಹೆಸರು ಕರೆಯುವ ಕಂಡಕ್ಟರ್, ಬರಬೇಕಾದವನು ಬರದೇ ಇರುವುದು. ಇಷ್ಟೇ ಕತೆ. 'ಕೊನೇ ಬಸ್ಸು ಹೋಯ್ತು, ಸೀಟು ಖಾಲಿ ಇತ್ತು' ಅನ್ನುವ ಸಾಲು ಬಾಸ್‌ನವನು ಹೇಳಿದ್ದು. ಅವನು ಸಾಮಾನ್ಯವಾಗಿ ಮಾತೇ ಆಡದವನು. ಆ ಸಾಲು ಬಂದಮೇಲೆ ಉಳಿದದ್ದು ತಾನಾಗಿಯೇ ಜೋಡಿಕೊಂಡಿತು.

ಕೇಳಿದವರು ಕೊಟ್ಟ ಸಲಹೆ ಒಂದೇ: ಮಂಗಳೂರಿನ ಬ್ಯಾಂಡ್ ಅಲ್ವಾ, ಚೆಂಡೆ ಸೇರಿಸಿ. ಇಲ್ಲವೇ ಹುಲಿವೇಷದ ತಾಸೆ. ಹೇಳದವರೇ ಇಲ್ಲ. ಡ್ರಮ್ಮರ್ ತಾಸೆಯ ಪೆಟ್ಟನ್ನು ಸ್ನೇರ್ ಮೇಲೆ ನುಡಿಸಿಯೂ ತೋರಿಸಿದ. ಮಜವಾಗಿತ್ತು, ನಾನೂ ಎದ್ದು ಎರಡು ಹೆಜ್ಜೆ ಹಾಕಿದೆ. ಆದರೆ ನಮ್ಮ ಹಾಡಿನ ಹುಡುಗಿ ಬಸ್‌ಸ್ಟಾಪಿನಲ್ಲಿ ಸುಮ್ಮನೆ ನಿಂತಿದ್ದಾಳೆ. ಅವಳ ಹಿಂದೆ ಹುಲಿ ಕುಣಿಸುವುದು ಯಾಕೆ? ಚೆಂಡೆಯಂತೂ ಬಯಲಲ್ಲಿ ಮೈಲಿ ದೂರ ಕೇಳಲಿ ಅಂತ ಇರುವ ವಾದ್ಯ. ಅದನ್ನು ಹಿನ್ನೆಲೆಗೆ ಹಾಕಿ ಸದ್ದು ತಗ್ಗಿಸಿ ಬಳಸುವುದು ಅದಕ್ಕೂ ಮರ್ಯಾದೆ ಅಲ್ಲ. ನಮ್ಮ ಊರಿನದ್ದು ಅಂತ ಗೊತ್ತಾಗಲು ಕಂಡಕ್ಟರ್‌ನ ಕೂಗು ಸಾಕು ಅಂತ ನನ್ನ ವಾದ. ಈಗಲೂ ಅದೇ ವಾದ.

ರೆಕಾರ್ಡಿಂಗಿಗೆ ದುಡ್ಡು ಬೇಕಲ್ಲ. ಅದು ಬಂದದ್ದು ಮದುವೆಗಳಿಂದ. ಮಂಗಳೂರಿನ ಕ್ಯಾಥೊಲಿಕ್ ಮದುವೆಯ ರಿಸೆಪ್ಷನ್‌ಗೆ ಲೈವ್ ಬ್ಯಾಂಡ್ ಬೇಕೇ ಬೇಕು. ಡ್ರಮ್ಮರ್ ಮತ್ತು ಗಿಟಾರಿನವನು ಮೊದಲಿಂದಲೂ ಬೇರೆ ಬೇರೆ ಮದುವೆ ಬ್ಯಾಂಡುಗಳಿಗೆ ಹೋಗುತ್ತಿದ್ದರು. ಸೀಸನ್ನಿನಲ್ಲಿ ನಾನೂ ಹೋದೆ. ವಧೂವರರು ಒಳಗೆ ಬರುವಾಗಿನ ಮಾರ್ಚ್, ಆಮೇಲೆ ವಾಲ್ಟ್ಸ್, ಕೊನೆಗೆ ಎಲ್ಲರೂ ಕುಣಿಯುವ ಬೈಲಾ. ಅಲ್ಲಿ ಕಲಿತದ್ದು ಯಾವ ಗ್ರೇಡಿನಲ್ಲೂ ಇಲ್ಲ. ಕಾರ್ಯಕ್ರಮ ನಿರೂಪಿಸುವ ಎಂಸಿ ಮಾತು ಉದ್ದ ಮಾಡಿದರೆ ಅದೇ ನಾಲ್ಕು ಕಾರ್ಡನ್ನು ಸುತ್ತಿ ಸುತ್ತಿ ನುಡಿಸಬೇಕು. ಕೇಕ್ ಕತ್ತರಿಸಿ ಆಯಿತೆಂದರೆ ಹಾಡಿನ ಯಾವ ಜಾಗದಲ್ಲಿದ್ದರೂ ಚಂದವಾಗಿ ನಿಲ್ಲಿಸಬೇಕು. ಎಲ್ಲಕ್ಕಿಂತ ಜಾಸ್ತಿ, ಊಟದ ಹೊತ್ತಿಗೆ ಕೇಳಿಯೂ ಕೇಳದ ಹಾಗೆ ನುಡಿಸಬೇಕು. ನನ್ನ ಎಡಗೈಗೆ ಒಳ್ಳೆಯ ಶಾಲೆ ಅದು.

ಮಳೆ ನಿಂತ ಮೇಲೆ ರೆಕಾರ್ಡಿಂಗ್. ಮೊದಲು ಗೈಡ್ ಟ್ರ್ಯಾಕ್ ಮಾಡಿದೆವು. ಕ್ಲಿಕ್ ಹಾಕಿ, ನಿಮಿಷಕ್ಕೆ 92 ಪೆಟ್ಟು, ಅದರ ಮೇಲೆ ನಾನು ಮತ್ತು ಹಾಡುವವಳು ಕಚ್ಚಾ ಆಗಿ ಇಡೀ ಹಾಡು. ಅದನ್ನು ಕೇಳಿಕೊಂಡು ಡ್ರಮ್ಮರ್ ಒಂದು ಬಾಡಿಗೆ ಸ್ಟುಡಿಯೋದಲ್ಲಿ ನುಡಿಸಿದ. ನಮ್ಮ ಖರ್ಚಿನ ಮುಕ್ಕಾಲು ಪಾಲು ಅಲ್ಲೇ ಹೋಯಿತು, ಯಾಕೆಂದರೆ ಡ್ರಮ್ಸ್‌ಗೆ ಮೈಕುಗಳು ತುಂಬಾ ಬೇಕು, ರೂಮೂ ಒಳ್ಳೆಯದಿರಬೇಕು. ಉಳಿದದ್ದೆಲ್ಲ ಮನೆಯಲ್ಲಿ. ವಾದ್ಯ, ಮೈಕನ್ನು ಕಂಪ್ಯೂಟರಿಗೆ ಜೋಡಿಸುವ ಎರಡು ಇನ್‌ಪುಟ್‌ನ ಒಂದು ಆಡಿಯೋ ಇಂಟರ್‌ಫೇಸ್, ನನ್ನ ಲ್ಯಾಪ್‌ಟಾಪ್. ಬಾಸ್‌ನವನಿಗೆ ತಾನು ನುಡಿಸಿದ್ದು ಹೆಡ್‌ಫೋನಿನಲ್ಲಿ ತಡವಾಗಿ ಕೇಳುತ್ತಿತ್ತು. ತಂತಿ ಮೀಟಿದ ಮೇಲೆ ಸದ್ದು. ಲ್ಯಾಪ್‌ಟಾಪ್ ಒಮ್ಮೆಗೆ ಎಷ್ಟು ಸದ್ದನ್ನು ಕೂಡಿಟ್ಟು ಕಳಿಸಬೇಕು ಅನ್ನುವ ಲೆಕ್ಕ, ಬಫರ್ ಸೈಜ್, ಅದನ್ನು 128ಕ್ಕೆ ಇಳಿಸಿದ ಮೇಲೆ ಸರಿಯಾಯಿತು. ಇಳಿಸಿದರೆ ಲ್ಯಾಪ್‌ಟಾಪ್ ಏದುಸಿರು ಬಿಡುತ್ತದೆ, ಹಾಗಾಗಿ ಉಳಿದ ಟ್ರ್ಯಾಕುಗಳ ಎಫೆಕ್ಟ್‌ಗಳನ್ನೆಲ್ಲ ಆಫ್ ಮಾಡಿಟ್ಟೆವು.

ಹಾಡುವವಳ ಧ್ವನಿಯನ್ನು ಹಿಡಿದದ್ದು ನಮ್ಮ ಮನೆಯ ಮಲಗುವ ಕೋಣೆಯಲ್ಲಿ. ಹಾಸಿಗೆಯನ್ನು ಗೋಡೆಗೆ ಆನಿಸಿ ನಿಲ್ಲಿಸಿ, ಬಟ್ಟೆ ತುಂಬಿದ ಕಪಾಟಿನ ಬಾಗಿಲು ತೆರೆದಿಟ್ಟು, ಫ್ಯಾನ್ ಬಂದ್. ಅಕ್ಟೋಬರಿನ ಸೆಕೆ. ಕಂಡೆನ್ಸರ್ ಮೈಕ್ ಎಲ್ಲವನ್ನೂ ಕೇಳುತ್ತದೆ. ಪಕ್ಕದ ಮನೆಯ ಕುಕ್ಕರ್ ವಿಷಲ್, ಮೀನಿನವನ ಹಾರ್ನ್, ನಮ್ಮಮ್ಮ ಅಡುಗೆಮನೆಯಲ್ಲಿ ಕಾಯಿ ತುರಿಯುವುದು. ನಡುವೆ ಒಮ್ಮೆ ಕರೆಂಟೂ ಹೋಯಿತು. ಅವಳು ಇಡೀ ಹಾಡನ್ನು ಒಂದೇ ಉಸಿರಿಗೆ ಚಂದ ಹಾಡಿ ಮುಗಿಸಿದ ಒಂದು ಟೇಕಿನ ಕೊನೆಯಲ್ಲಿ ಅಮ್ಮ ಬಾಗಿಲು ತಟ್ಟಿ "ಮಗಾ, ನೀರು ಬೇಕಾ?" ಅಂದರು. ಆ ಟೇಕನ್ನೇ ಇಟ್ಟುಕೊಂಡೆವು, ಬಾಗಿಲು ತಟ್ಟಿದ್ದನ್ನು ಕತ್ತರಿಸಿ. ಹೆಡ್‌ಫೋನ್ ಹಾಕಿ ಕೇಳಿದರೆ ಕೊನೆಯ ಸ್ವರ ಸ್ವಲ್ಪ ಅವಸರದಲ್ಲಿ ನಿಂತದ್ದು ಗೊತ್ತಾಗುತ್ತದೆ.

ಎಲ್ಲರ ಟ್ರ್ಯಾಕುಗಳ ಸದ್ದನ್ನು ಹದ ಮಾಡಿ ಒಂದಾಗಿ ಬೆರೆಸುವ ಮಿಕ್ಸಿಂಗ್ ಮಾಡಿಕೊಟ್ಟವರು ಗೆಳೆಯರ ಗೆಳೆಯರು. ಅವರು ಕಳಿಸಿದ ಪ್ರತಿ ಮಿಕ್ಸಿಗೂ ಗುಂಪಿನಲ್ಲಿ ಐದು ಉತ್ತರ. ಗಿಟಾರ್ ಸ್ವಲ್ಪ ಮೇಲೆ ಬರಲಿ ಅಂತ ಗಿಟಾರಿನವನು. ಹೈ ಹ್ಯಾಟ್ ಕೇಳುವುದಿಲ್ಲ ಅಂತ ಡ್ರಮ್ಮರ್. ಎಲ್ಲರದ್ದೂ ಏರಿಸಿದರೆ ಯಾರದ್ದೂ ಏರಿದ ಹಾಗಾಗುವುದಿಲ್ಲ ಅಂತ ಅವರು ತಾಳ್ಮೆಯಿಂದ ಬರೆದರು. ಆಮೇಲೆ ನಿಯಮ ಮಾಡಿಕೊಂಡೆವು: ತನ್ನ ವಾದ್ಯದ ಬಗ್ಗೆ ಯಾರೂ ಮಾತಾಡುವ ಹಾಗಿಲ್ಲ, ಬೇರೆಯವರದ್ದರ ಬಗ್ಗೆ ಮಾತ್ರ ಹೇಳಬಹುದು. ಒಮ್ಮೆಗೇ ಶಾಂತಿ. ಫೋನಿನ ಸ್ಪೀಕರಿನಲ್ಲಿ ಬಾಸ್ ಮಾಯ ಆಗುತ್ತಿತ್ತು. ಅಷ್ಟು ಸಣ್ಣ ಸ್ಪೀಕರಿಗೆ ಅಷ್ಟು ಕೆಳಗಿನ ಸ್ವರ ನುಡಿಸುವ ಶಕ್ತಿಯೇ ಇಲ್ಲ. ಅದಕ್ಕೆ ಬಾಸಿಗೆ ಸ್ವಲ್ಪ ಡಿಸ್ಟಾರ್ಷನ್ ಬೆರೆಸುತ್ತಾರೆ. ಆಗ ಅದರ ಮೇಲಿನ ಸ್ವರಾಂಶಗಳು ಎದ್ದು ಬರುತ್ತವೆ, ಕಿವಿ ಕೆಳಗಿನದ್ದನ್ನು ತಾನೇ ಊಹಿಸಿಕೊಳ್ಳುತ್ತದೆ. ಕೊನೆಯ ಹಂತದ ಮಾಸ್ಟರಿಂಗಿನಲ್ಲಿ ಜೋರು ಮಾಡಿ ಅಂತ ನಾವು ಒತ್ತಾಯ ಮಾಡಲಿಲ್ಲ. ಸ್ಪಾಟಿಫೈ ಹೇಗೂ ಎಲ್ಲ ಹಾಡುಗಳನ್ನು ಮೈನಸ್ 14 ಎಲ್‌ಯುಎಫ್‌ಎಸ್ (ಸದ್ದಿನ ಜೋರನ್ನು ಅಳೆಯುವ ಮಾನ) ಮಟ್ಟಕ್ಕೆ ತಂದು ಕೇಳಿಸುತ್ತದೆ. ಕಿರುಚಿದ ಹಾಡನ್ನು ಅದೇ ತಗ್ಗಿಸುತ್ತದೆ.

ಹಾಡು ಸಿದ್ಧ ಆದಮೇಲೆ ಬಂದದ್ದು ಎಲ್ಲಕ್ಕಿಂತ ಕಷ್ಟದ ಸಂಜೆ. ಬಿಡುಗಡೆಗೆ ಅರ್ಜಿ ತುಂಬುವಾಗ ಸಾಹಿತ್ಯ ಯಾರು, ಸಂಗೀತ ಯಾರು ಅಂತ ಎರಡು ಖಾನೆಗಳಿವೆ. ಬರೆಯಲು ಹೋಗಿ ನನ್ನ ಕೈ ನಿಂತಿತು. ಧಾಟಿ ಶುರು ಮಾಡಿದ್ದು ನಾನು. ಆದರೆ ಉಳಿದದ್ದು ಹಾಡುವವಳ ಧಾಟಿ. ಗಾಂಧಾರ ತೆಗೆದ ಕಾರ್ಡುಗಳು ಗಿಟಾರಿನವನದ್ದು. ಒಳ್ಳೆಯ ಸಾಲು ಬಾಸ್‌ನವನದ್ದು. "ಹಾಗಾದರೆ ನಾನು ಎಂತ ಮಾಡಿದ್ದು? ಸುಮ್ನೆ ಕೂತದ್ದಾ?" ಅಂತ ಡ್ರಮ್ಮರ್. ನಗುತ್ತಲೇ ಕೇಳಿದ, ಆದರೆ ನಗು ಪೂರ್ತಿ ಇರಲಿಲ್ಲ.

ಬಾಸ್‌ನವನ ಅಕ್ಕ ವಕೀಲರು. ಅವರು ಬಿಡಿಸಿ ಹೇಳಿದರು. 1957ರ ಕಾಪಿರೈಟ್ ಕಾಯ್ದೆಯಲ್ಲಿ ಒಂದು ಹಾಡು ಅಂದರೆ ಮೂರು ಸೊತ್ತು. ಸಾಹಿತ್ಯ ಒಂದು, ಸಂಗೀತ ಇನ್ನೊಂದು, ಆ ರೆಕಾರ್ಡಿಂಗ್ ಮೂರನೆಯದ್ದು. ಸಾಹಿತ್ಯ, ಸಂಗೀತದ ಹಕ್ಕು ಮಾಡಿದವರ ಜೀವಿತದ ಪೂರ್ತಿ, ಆಮೇಲೆ 60 ವರ್ಷ. ರೆಕಾರ್ಡಿಂಗಿನದ್ದು ಬಿಡುಗಡೆಯಾದ ಮೇಲೆ 60 ವರ್ಷ. ಸಂಗೀತವನ್ನು ಸ್ವರಲಿಪಿಯಲ್ಲಿ ಬರೆದಿಡಲೇಬೇಕು ಅಂತ ಇಲ್ಲ. 2012ರ ತಿದ್ದುಪಡಿ ಬಂದ ಮೇಲೆ ಬರೆದವರು, ಧಾಟಿ ಹಾಕಿದವರು ತಮ್ಮ ರಾಯಲ್ಟಿಯನ್ನು ಪೂರ್ತಿ ಬಿಟ್ಟುಕೊಡುವ ಹಾಗೆ ಕಂಪನಿಯವರು ಬರೆಸಿಕೊಳ್ಳಲಾಗದು. ಆ ರಾಯಲ್ಟಿ ಸಂಗ್ರಹಿಸಿ ಹಂಚಲು ಐಪಿಆರ್‌ಎಸ್ ಅಂತ ಒಂದು ಸಂಸ್ಥೆ 1969ರಿಂದ ಇದೆ. ಡ್ರಮ್ಸಿನ ಪೆಟ್ಟು ಸಂಗೀತ ರಚನೆಯ ಭಾಗವಾ ಅಲ್ಲವಾ ಅನ್ನುವ ಪ್ರಶ್ನೆಗೆ ಅಕ್ಕ, "ಕೋರ್ಟಿಗೆ ಹೋದರೆ ವರ್ಷಗಟ್ಟಲೆ ವಾದ ಮಾಡಬಹುದು. ನೀವು ಹೋಗಬೇಡಿ ಮಾರಾಯರೆ, ಈಗಲೇ ಕಾಗದದಲ್ಲಿ ಬರೆಯಿರಿ" ಅಂದರು.

ಬರೆದೆವು. ಸಂಗೀತ ಐವರಿಗೂ ಸಮ. ಸಾಹಿತ್ಯ ಹಾಡುವವಳಿಗೂ ಬಾಸ್‌ನವನಿಗೂ ಅರ್ಧರ್ಧ. ರೆಕಾರ್ಡಿಂಗ್ ಐವರದ್ದು, ಯಾಕೆಂದರೆ ಮದುವೆ ದುಡ್ಡು ಎಲ್ಲರದ್ದೂ ಸೇರಿತ್ತು. ಒಬ್ಬರು ಬಿಟ್ಟುಹೋದರೆ ಹಳೆ ಹಾಡಿನ ಪಾಲು ಅವರಿಗೇ ಇರುತ್ತದೆ, ಬ್ಯಾಂಡಿನ ಹೆಸರು ಉಳಿದವರಿಗೆ. ಐದು ಸಹಿ, ಎಲ್ಲರ ಫೋನಿನಲ್ಲೂ ಫೋಟೊ. ಗಿಟಾರಿನವನಿಗೆ ಇದು ಸ್ವಲ್ಪ ಹಿಡಿಸಲಿಲ್ಲ. ಗೆಳೆಯರ ನಡುವೆ ಕಾಗದ ಯಾಕೆ ಅಂತ ಅವನ ಮಾತು. ಗೆಳೆಯರು ಅಂತಲೇ ಕಾಗದ ಬೇಕು ಅಂತ ನನಗೆ ಅನಿಸುತ್ತದೆ. ಗುರುತಿಲ್ಲದವರ ಹತ್ತಿರ ನಾವು ಹೇಗೂ ಕೇಳಿ ತೆಗೆದುಕೊಳ್ಳುತ್ತೇವೆ. ಗೆಳೆಯರ ಹತ್ತಿರ ಕೇಳಲು ನಾಚಿಕೆ.

ಬಿಡುಗಡೆಯ ಕೆಲಸ ಮಾಡುವವರಿಗೆ ನಾಲ್ಕು ಮಾತು. ಹಾಡನ್ನು ನೇರವಾಗಿ ಸ್ಪಾಟಿಫೈಗೆ ಕಳಿಸಲಾಗುವುದಿಲ್ಲ, ನಡುವೆ ಅದನ್ನು ತಲುಪಿಸುವ ಕಂಪನಿ, ಡಿಸ್ಟ್ರಿಬ್ಯೂಟರ್, ಬೇಕು. ಪ್ರತಿ ರೆಕಾರ್ಡಿಂಗಿಗೆ ಐಎಸ್‌ಆರ್‌ಸಿ ಅಂತ 12 ಅಕ್ಷರ ಅಂಕಿಗಳ ಗುರುತು ಅವರೇ ಕೊಡುತ್ತಾರೆ. ಅದನ್ನು ಬರೆದಿಟ್ಟುಕೊಳ್ಳಿ, ಡಿಸ್ಟ್ರಿಬ್ಯೂಟರ್ ಬದಲಾಯಿಸಿದರೂ ಹಾಡಿಗೆ ಅದೇ ಇರಬೇಕು. ಮುಖಚಿತ್ರ 3000 ಪಿಕ್ಸೆಲ್ ಚೌಕ ಇದ್ದರೆ ಎಲ್ಲ ಕಡೆ ನಡೆಯುತ್ತದೆ. 2015ರಿಂದ ಜಗತ್ತಿನಲ್ಲೆಲ್ಲ ಹೊಸ ಹಾಡುಗಳು ಶುಕ್ರವಾರ ಬರುವ ರೂಢಿ. ಸ್ಪಾಟಿಫೈನ ಸಂಪಾದಕರಿಗೆ ಹಾಡು ತೋರಿಸಬೇಕಿದ್ದರೆ ಬಿಡುಗಡೆಗೆ ಕನಿಷ್ಠ 7 ದಿನ ಮೊದಲು ಕಳಿಸಬೇಕು. ಬ್ಯಾಂಡಿನ ಹೆಸರು ಇಡುವ ಮೊದಲು ಹುಡುಕಿ ನೋಡಿ. ನಾವು ಮೊದಲು ಯೋಚಿಸಿದ ಹೆಸರಿನಲ್ಲಿ ಆಗಲೇ ಇನ್ಯಾರೋ ಇದ್ದರು. ಹೆಸರು ಒಂದೇ ಆದರೆ ನಮ್ಮ ಹಾಡು ಅವರ ಪುಟಕ್ಕೆ ಹೋಗಿ ಕೂರುವ ಅಪಾಯ ಉಂಟು.

ದುಡ್ಡಿನ ಮಾತು ಕೇಳುತ್ತಾರೆ. 2024ರಿಂದ ಸ್ಪಾಟಿಫೈನಲ್ಲಿ ಒಂದು ಹಾಡು ಹಿಂದಿನ 12 ತಿಂಗಳಲ್ಲಿ ಕನಿಷ್ಠ 1,000 ಸಲ ಕೇಳಿಸದಿದ್ದರೆ ರೆಕಾರ್ಡಿಂಗಿನ ಬಾಬ್ತು ಏನೂ ಬರುವುದಿಲ್ಲ. ನಮ್ಮ ಹಾಡು ಆ ಗೆರೆ ದಾಟಿದೆ. ಬಂದ ದುಡ್ಡಿನಲ್ಲಿ ಐವರಿಗೆ ಗಡ್‌ಬಡ್ ಐಸ್‌ಕ್ರೀಮ್ ತಿನ್ನಬಹುದಾ ಅಂತ ಕೇಳಬೇಡಿ. ಹಂಚಿಕೊಂಡು ತಿನ್ನಬಹುದು.

ವೇದಿಕೆಯ ಮೇಲೆ ಮೊದಲು ನುಡಿಸಿದ್ದು ಒಂದು ಸಣ್ಣ ಕಾರ್ಯಕ್ರಮದಲ್ಲಿ. ಸೌಂಡಿನವರು ನಮ್ಮನ್ನು ನೋಡಿ ಕೇಳಿದ ಮೊದಲ ಪ್ರಶ್ನೆ, "ಟ್ರ್ಯಾಕಾ, ಲೈವಾ?" ಲೈವ್ ಅಂದಾಗ ಅವರ ಮುಖ ಸಪ್ಪೆ ಆಯಿತು. ಲೈವ್ ಅಂದರೆ ಅವರಿಗೆ ಕೇಬಲ್ ಜಾಸ್ತಿ. ಪೆನ್‌ಡ್ರೈವ್ ಕೊಟ್ಟು ಹಾಡುವವರೇ ಈಗ ಹೆಚ್ಚು. ಹತ್ತು ಗಂಟೆಗೆ ಧ್ವನಿವರ್ಧಕ ಬಂದ್ ಮಾಡಬೇಕು, ಅದು 2000ದ ಶಬ್ದಮಾಲಿನ್ಯ ನಿಯಮ. ಭಾಷಣಗಳು ಉದ್ದ ಆದವು. ನಮ್ಮ ಸರದಿ ಬರುವಾಗ ಹತ್ತಕ್ಕೆ ಸ್ವಲ್ಪವೇ ಬಾಕಿ. ಸೌಂಡ್ ಚೆಕ್ ಇಲ್ಲ, ವೇದಿಕೆಯವರ ಕಡೆ ತಿರುಗಿಸಿಟ್ಟ ಸ್ಪೀಕರಿನಲ್ಲಿ, ಮಾನಿಟರಿನಲ್ಲಿ, ಅವಳಿಗೆ ಅವಳ ಧ್ವನಿಯೇ ಕೇಳುತ್ತಿಲ್ಲ. ಅವಳು ತಿರುಗಿ ನನ್ನನ್ನು ನೋಡಿದಳು. ನಾನು ಪೂರ್ತಿ ನಿಲ್ಲಿಸಿದೆ. ಗಿಟಾರಿನವನೂ ಸದ್ದು ತಗ್ಗಿಸಿದ. ಮೊದಲ ಚರಣ ಬರೀ ಬಾಸ್ ಮತ್ತು ಅವಳು. ಮುಂದಿನ ಸಾಲಿನಲ್ಲಿದ್ದ ಒಬ್ಬರು ಹಿರಿಯರು ಮಾತು ನಿಲ್ಲಿಸಿ ಕೇಳಿದರು. ಈಗ ಎಲ್ಲ ಕಡೆ ಹಾಗೇ ನುಡಿಸುತ್ತೇವೆ. ರೆಕಾರ್ಡಿಂಗಿನಲ್ಲಿ ಇರುವ ನನ್ನ ಚಂದದ ಆರಂಭದ ತುಣುಕು ಲೈವ್‌ನಲ್ಲಿ ಇಲ್ಲ.

ಕೆಲಸದ ಮೇಲೆ ಬಾಸ್‌ನವನು ಬೆಂಗಳೂರಿಗೆ ಹೋಗಿದ್ದಾನೆ. ತನ್ನ ಭಾಗವನ್ನು ಅಲ್ಲೇ ರೆಕಾರ್ಡ್ ಮಾಡಿ ಕಳಿಸುತ್ತಾನೆ. ಎರಡನೇ ಹಾಡಿಗೆ ಕಾಗದಕ್ಕೆ ಸಹಿ ಮೊದಲೇ ಆಗಿದೆ. ಈ ಸಲ ಡ್ರಮ್ಮರ್ ತಂದ ಧಾಟಿ, ಎರಡು ಸಾಲು ಕೊಂಕಣಿಯೂ ಉಂಟು. ಆ ಎರಡು ಸಾಲನ್ನು ಅವನೇ ಹಾಡಬೇಕು ಅಂತ ಹಾಡುವವಳ ಷರತ್ತು. ಈಸ್ಟರಿನ ಹಿಂದಿನ ತಪಸ್ಸು ಕಾಲದಲ್ಲಿ ಕ್ಯಾಥೊಲಿಕ್ ಮದುವೆಗಳು ಇರುವುದಿಲ್ಲ, ಮಳೆಯೂ ದೂರ. ವರ್ಷದಲ್ಲಿ ಡ್ರಮ್ಮರ್‌ನ ಶನಿವಾರಗಳು ಖಾಲಿ ಸಿಗುವುದು ಆಗ ಮಾತ್ರ. ಸ್ಟುಡಿಯೋಕ್ಕೆ ಮುಂಗಡ ಕೊಟ್ಟಿದ್ದೇವೆ.